ಊಟದ ಜೊತೆ ಲೋಟದಲ್ಲಿ ಏನಿದೆ?



ಪತ್ರಿಕೆಗಳ ಅಡುಗೆ ಪುಟ ಬಂದರೆ ಅದನ್ನು ಮೊದಲು ಓದುವವರಲ್ಲಿ ನಾನೂ ಒಬ್ಬಳು. ಈಗ ಮೊಬೈಲಿನಲ್ಲಿ ಬರುವ ಅಡುಗೆ ವಿಡಿಯೊಗಳನ್ನೂ ನೋಡುತ್ತೇನೆ. ನೀವೂ ನೋಡುತ್ತಿರಬಹುದು. ದೊಡ್ಡ ಊರುಗಳ ಅಡುಗೆಯವರು ಮಾಂಸವನ್ನೋ ಮೀನನ್ನೋ ಬೇಯಿಸಿ, ತಟ್ಟೆಯಲ್ಲಿ ಚೆಂದವಾಗಿ ಜೋಡಿಸಿ, ಕೊನೆಗೊಂದು ಮಾತು ಸೇರಿಸುತ್ತಾರೆ. ಈ ಮಾಂಸಕ್ಕೆ ಕೆಂಪು ವೈನ್ ಒಳ್ಳೆಯ ಜೋಡಿ, ಆ ಮೀನಿಗೆ ಬಿಳಿ ವೈನ್ ಒಳ್ಳೆಯ ಜೋಡಿ ಎನ್ನುತ್ತಾರೆ. ಆ ಮಾತು ಬಂದ ಕೂಡಲೇ ನಾವು ಪುಟ ತಿರುವುತ್ತೇವೆ. ಹರಾಮ್ ಎಂದ ಮೇಲೆ ಮಾತು ಮುಗಿಯಿತಲ್ಲ!

ನಮ್ಮ ಮಟ್ಟಿಗೆ ಮುಗಿಯಿತು, ಸರಿ. ಆದರೆ ಮನೆಯ ಹೆಣ್ಣುಮಕ್ಕಳು ಕೇಳುತ್ತಾರೆ. 'ಅವರು ಊಟಕ್ಕೆ ಅದನ್ನು ಯಾಕ ಇಡ್ತಾರ್ರಿ ಆಪಾ? ನೀರು ಕುಡಿದ್ರ ಆಗೂದಿಲ್ಲೇನ್ರಿ?' ಎಂದು ನನ್ನ ತರಗತಿಯ ಹುಡುಗಿಯರೂ ಕೇಳಿದ್ದಾರೆ. ಹರಾಮ್ ಎಂಬುದು ನಾವು ಕುಡಿಯಬಹುದೇ ಎಂಬ ಪ್ರಶ್ನೆಗೆ ಉತ್ತರ. ಅವರು ಯಾಕೆ ಇಡುತ್ತಾರೆ ಎಂಬುದಕ್ಕೆ ಅದು ಉತ್ತರವಲ್ಲ. ಕೇಳಿದ ಮಗುವಿಗೆ ಸರಿಯಾದ ಉತ್ತರ ಕೊಡದಿದ್ದರೆ ಅದು ಬೇರೆ ಕಡೆ ಹುಡುಕುತ್ತದೆ. ಆದ್ದರಿಂದ ಈ ವಿಷಯವನ್ನು ಸ್ವಲ್ಪ ಬಿಡಿಸಿ ನೋಡೋಣ. ಹಾಗೆ ನೋಡುತ್ತ ಹೋದರೆ ಮಾತು ವೈನಿನ ಹತ್ತಿರ ನಿಲ್ಲುವುದಿಲ್ಲ, ನಮ್ಮ ಮನೆಯ ಚಹಾದ ಕಪ್ಪಿನವರೆಗೂ ಬರುತ್ತದೆ.

ಲೋಟಕ್ಕೂ ತಟ್ಟೆಗೂ ಏನು ಸಂಬಂಧ?

ಕೊಬ್ಬಿನ ಮಾಂಸ ತಿಂದರೆ ನಾಲಿಗೆಯ ಮೇಲೆ ಜಿಡ್ಡು ಕೂರುತ್ತದೆ. ನಾಲ್ಕು ತುತ್ತು ಆದ ಮೇಲೆ ರುಚಿ ಮಂದವಾಗುತ್ತದೆ. ಆಗ ಹುಳಿಯಾದದ್ದು ಏನಾದರೂ ಬಾಯಿಗೆ ಬಿದ್ದರೆ ಜಿಡ್ಡು ಮುರಿದು ಐದನೆಯ ತುತ್ತು ಮತ್ತೆ ಮೊದಲನೆಯದರಂತೆ ಆಗುತ್ತದೆ. ವೈನಿನಲ್ಲಿ ಈ ಹುಳಿ ಇದೆ. ಕೆಂಪು ವೈನಿನಲ್ಲಿ ದ್ರಾಕ್ಷಿಯ ಸಿಪ್ಪೆ ಮತ್ತು ಬೀಜದಿಂದ ಬಂದ ಟ್ಯಾನಿನ್ ಎಂಬ ಒಗರು ಕೂಡ ಇದೆ. ಅದು ಮಾಂಸದ ಜೊತೆ ಹೊಂದುತ್ತದೆ. ಯುರೋಪಿನವರು ವೈನನ್ನು ಊಟಕ್ಕೆ ಇಟ್ಟುಕೊಂಡದ್ದರ ಗುಟ್ಟು ಬಹುಮಟ್ಟಿಗೆ ಇಷ್ಟೇ, ಹುಳಿ ಮತ್ತು ಒಗರು.

ಈಗ ಯೋಚಿಸಿ ನೋಡಿ. ಹುಳಿ ಮತ್ತು ಒಗರಿಗೆ ಅಮಲು ಬೇಕೇ? ಹುಣಸೆಹಣ್ಣಿನಲ್ಲಿ ಹುಳಿ ಇಲ್ಲವೇ? ಲಿಂಬೆಯಲ್ಲಿ, ಮಜ್ಜಿಗೆಯಲ್ಲಿ, ಪುಂಡಿ ಸೊಪ್ಪಿನಲ್ಲಿ, ದಾಳಿಂಬೆಯಲ್ಲಿ ಇಲ್ಲವೇ? ಒಗರು ಬೇಕೆಂದರೆ ಹಾಲಿಲ್ಲದ ಚಹಾದಲ್ಲಿ ಅದೇ ಟ್ಯಾನಿನ್ ಬೇಕಾದಷ್ಟಿದೆ. ಖಾರದ ಅಡುಗೆಗಂತೂ ಮದ್ಯ ಹೊಂದುವುದೇ ಇಲ್ಲ. ಮೆಣಸಿನಕಾಯಿಯ ಉರಿಯನ್ನು ಅದು ಇನ್ನಷ್ಟು ಕೆರಳಿಸುತ್ತದೆ. ನೀರು ಕುಡಿದರೂ ಉರಿ ಹೋಗುವುದಿಲ್ಲ, ಏಕೆಂದರೆ ಮೆಣಸಿನಕಾಯಿಯ ಖಾರದ ಅಂಶ ನೀರಿನಲ್ಲಿ ಕರಗುವುದಿಲ್ಲ. ಹಾಲು ಮೊಸರಿನಲ್ಲಿರುವ ಪ್ರೋಟೀನು ಆ ಖಾರವನ್ನು ಹಿಡಿದುಕೊಂಡು ನಾಲಿಗೆಯಿಂದ ಒಯ್ಯುತ್ತದೆ. ನಮ್ಮ ಕಡೆಯ ಕೆಂಪು ಖಾರದ ಸಾರು ಉಂಡ ಮೇಲೆ ಮಜ್ಜಿಗೆ ಕುಡಿಯಬೇಕೆಂದು ಹಿರಿಯರು ಹೇಳಿದ್ದು ಸುಮ್ಮನೆ ಅಲ್ಲ.

ಮದ್ಯದಲ್ಲಿ ಜನರಿಗೆ ಕೆಲವು ಲಾಭಗಳಿವೆ, ಆದರೆ ಅದರ ಪಾಪ ಲಾಭಕ್ಕಿಂತ ದೊಡ್ಡದು ಎಂಬ ಅರ್ಥದ ಮಾತು ಪವಿತ್ರ ಕುರ್‌ಆನಿನ ಸೂರಃ ಅಲ್ ಬಕರಾದಲ್ಲಿದೆ. ಲಾಭವೇ ಇಲ್ಲ ಎಂದು ಅಲ್ಲಿ ಹೇಳಿಲ್ಲ ನೋಡಿ. ಹಾಗಾದರೆ ಬುದ್ಧಿವಂತ ಗೃಹಿಣಿ ಏನು ಮಾಡಬೇಕು? ಆ ಲಾಭ ಯಾವುದೆಂದು ತಿಳಿದುಕೊಂಡು, ಅದನ್ನು ಪಾಪವಿಲ್ಲದ ಕಡೆಯಿಂದ ಪಡೆಯಬೇಕು.

ಬೇಯಿಸಿದರೆ ಹಾರಿಹೋಗುತ್ತದೆಯೇ?

ಇಲ್ಲೊಂದು ಎಚ್ಚರಿಕೆಯ ಮಾತು ಹೇಳಬೇಕು. ಅಡುಗೆಗೆ ಸ್ವಲ್ಪ ವೈನ್ ಹಾಕಿ ಕುದಿಸಿದರೆ ಮದ್ಯಸಾರವೆಲ್ಲ ಹಾರಿಹೋಗುತ್ತದೆ, ಆಮೇಲೆ ತಿಂದರೆ ತಪ್ಪಿಲ್ಲ ಎಂದು ಹೇಳುವವರಿದ್ದಾರೆ. ಬೆಂಗಳೂರು, ಹೈದರಾಬಾದಿನ ದೊಡ್ಡ ಹೋಟೆಲುಗಳಿಗೆ ಹೋದಾಗ ನಮ್ಮವರೂ ಈ ಮಾತು ನಂಬುತ್ತಾರೆ. ಅಮೆರಿಕದ ಕೃಷಿ ಇಲಾಖೆ ಇದನ್ನು ಲೆಕ್ಕ ಹಾಕಿ ಪಟ್ಟಿ ಮಾಡಿದೆ. 15 ನಿಮಿಷ ಬೇಯಿಸಿದರೂ ಶೇಕಡಾ 40ರಷ್ಟು ಮದ್ಯಸಾರ ಉಳಿಯುತ್ತದೆ. ಒಂದು ಗಂಟೆ ಬೇಯಿಸಿದರೆ ಶೇಕಡಾ 25ರಷ್ಟು, ಎರಡೂವರೆ ಗಂಟೆಯಾದರೂ ಶೇಕಡಾ 5ರಷ್ಟು. ಬಾಣಲೆಗೆ ಬೆಂಕಿ ಹತ್ತಿಸಿ ಧಗಧಗ ಉರಿಸುತ್ತಾರಲ್ಲ, ಆಗಲೂ ಮುಕ್ಕಾಲು ಪಾಲು ಒಳಗೇ ಇರುತ್ತದೆ. ಆದ್ದರಿಂದ ಹೊರಗೆ ಉಣ್ಣುವಾಗ ಕೇಳಿ ತಿಳಿದುಕೊಳ್ಳಲು ನಾಚಿಕೆ ಬೇಡ.

ಅಂಥ ಅಡುಗೆಯನ್ನು ಮನೆಯಲ್ಲಿ ಮಾಡಬೇಕೆನಿಸಿದರೆ ದಾರಿ ಸುಲಭ. ಒಂದು ಬಟ್ಟಲು ಕಪ್ಪು ದ್ರಾಕ್ಷಿಯ ತಾಜಾ ರಸಕ್ಕೆ ಒಂದು ಚಮಚ ಸಿರ್ಕಾ ಸೇರಿಸಿ ಹಾಕಿ. ದಾಳಿಂಬೆಯ ರಸವೂ ಆಗುತ್ತದೆ. ಮಾಂಸ ಮೆತ್ತಗಾಗುತ್ತದೆ, ಹುಳಿ ಸಿಹಿ ಎರಡೂ ಬರುತ್ತವೆ.

ಸಿರ್ಕಾ ಎಂದಾಗ ಒಂದು ಹದೀಸ್ ನೆನಪಾಗುತ್ತದೆ. ಪ್ರವಾದಿವರ್ಯರು(ಸ) ಒಮ್ಮೆ ಮನೆಯಲ್ಲಿ ರೊಟ್ಟಿಯ ಜೊತೆಗೆ ಏನಿದೆ ಎಂದು ಕೇಳಿದರು. ಸಿರ್ಕಾ ಬಿಟ್ಟರೆ ಬೇರೇನೂ ಇಲ್ಲ ಎಂದು ಉತ್ತರ ಬಂತು. ಅವರು ಅದನ್ನೇ ತರಿಸಿಕೊಂಡು, ಅದನ್ನೇ ಹೊಗಳುತ್ತ ಉಂಡರು. ಸಹೀಹ್ ಮುಸ್ಲಿಮ್‌ನಲ್ಲಿ ಈ ವರದಿಯಿದೆ. ಇದ್ದುದನ್ನು ಹೊಗಳಿ ಉಣ್ಣುವ ಗಂಡಸು ಮನೆಯಲ್ಲಿದ್ದರೆ ಅಡುಗೆ ಮಾಡುವವಳ ಅರ್ಧ ದಣಿವು ಅಲ್ಲೇ ಇಳಿಯುತ್ತದೆ, ಹೌದಲ್ಲವೇ?

ನಮ್ಮ ಚಿಂಚೋಳಿಯ ಜೋಡಿಗಳು

ನಮ್ಮದು ಕಲಬುರಗಿ ಜಿಲ್ಲೆಯ ಚಿಂಚೋಳಿ ತಾಲೂಕು. ಆಚೆ ತೆಲಂಗಾಣದ ಗಡಿ, ಈಚೆ ಮುಲ್ಲಾಮಾರಿ ನದಿ, ಮೇಲೆ ಚಂದ್ರಂಪಳ್ಳಿಯ ಕಾಡು. 1948ರವರೆಗೆ ಇದು ನಿಜಾಮರ ಆಡಳಿತದಲ್ಲಿತ್ತು, 1956ರಲ್ಲಿ ಮೈಸೂರು ರಾಜ್ಯಕ್ಕೆ ಸೇರಿತು. ಆಡಳಿತ ಬದಲಾದರೂ ಒಲೆ ಬದಲಾಗಲಿಲ್ಲ. ನಮ್ಮ ದಸ್ತರ್‌ಖ್ವಾನಿನ ಮೇಲೆ ಹೈದರಾಬಾದಿನ ಬಗಾರಾ ಖಾನಾ ಮತ್ತು ದಾಲ್ಚಾ ಇರುತ್ತವೆ. ಅವುಗಳ ಪಕ್ಕದಲ್ಲೇ ಬಿಳಿಜೋಳದ ರೊಟ್ಟಿ, ಶೇಂಗಾ ಹಿಂಡಿ, ಪುಂಡಿ ಪಲ್ಲೆ ಕೂಡ ಇರುತ್ತವೆ. ಹೊಲದ ತುಂಬ ತೊಗರಿ. ಕಲಬುರಗಿಯ ತೊಗರಿ ಬೇಳೆಗೆ 2019ರಲ್ಲಿ ಭೌಗೋಳಿಕ ಸೂಚಿಯ ಮಾನ್ಯತೆ ಸಿಕ್ಕಿತು. ಗಡಿಯಾಚೆಯ ತಾಂಡೂರಿನ ತೊಗರಿಗೂ 2022ರಲ್ಲಿ ಅದೇ ಮಾನ್ಯತೆ ಬಂತು. ಮಣ್ಣು ಒಂದೇ, ಬೇಳೆಯ ಪರಿಮಳವೂ ಹೆಚ್ಚುಕಡಿಮೆ ಒಂದೇ.

ಈ ಅಡುಗೆಯಲ್ಲಿ ನಮ್ಮ ಅಜ್ಜಿಯರು ಯಾವುದಕ್ಕೆ ಯಾವುದು ಜೋಡಿ ಎಂದು ಯಾವ ಪುಸ್ತಕವನ್ನೂ ನೋಡದೆ ನಿರ್ಧರಿಸಿದ್ದರು. ಮೂರು ಉದಾಹರಣೆ ಕೊಡುತ್ತೇನೆ. ಮಾಡುವ ವಿಧಾನವನ್ನೂ ಬರೆಯುತ್ತೇನೆ, ಮಾಡಿ ನೋಡಿ.

ಮೊದಲನೆಯದು ಖಿಚಡಿ, ಖೀಮಾ, ಖಟ್ಟಾ. ಹಳೆಯ ಹೈದರಾಬಾದ್ ಸೀಮೆಯ ಮುಸ್ಲಿಮ್ ಮನೆಗಳ ಮುಂಜಾನೆಯ ಊಟ ಇದು. ಅಕ್ಕಿ ಮತ್ತು ಮಸೂರ ಬೇಳೆಯ ಹಳದಿ ಖಿಚಡಿ ಮೆತ್ತಗೆ, ಹುರಿದ ಖೀಮಾ ಜಿಡ್ಡು ಜಿಡ್ಡು. ಇವೆರಡನ್ನೇ ಉಂಡರೆ ಹತ್ತು ಗಂಟೆಗೆಲ್ಲ ತೂಕಡಿಕೆ ಬರುತ್ತದೆ. ಜೊತೆಗೆ ಖಟ್ಟಾ ಇದ್ದರೆ ಊಟ ಹಗುರಾಗುತ್ತದೆ. ಖಟ್ಟಾಕ್ಕೆ ಲಿಂಬೆ ಗಾತ್ರದ ಹುಣಸೆಹಣ್ಣನ್ನು ಎರಡು ಲೋಟ ನೀರಿನಲ್ಲಿ ನೆನೆಸಿ ಕಿವುಚಿ ಸೋಸಿಕೊಳ್ಳಿ. ಎರಡು ದೊಡ್ಡ ಚಮಚ ಬಿಳಿ ಎಳ್ಳನ್ನೂ ಅರ್ಧ ಚಮಚ ಜೀರಿಗೆಯನ್ನೂ ಹುರಿದು ನುಣ್ಣಗೆ ಅರೆದು ಅದರಲ್ಲಿ ಕಲಸಿ. ಸಣ್ಣಗೆ ಹೆಚ್ಚಿದ ಒಂದು ಉಳ್ಳಾಗಡ್ಡಿ, ಎರಡು ಹಸಿಮೆಣಸಿನಕಾಯಿ, ಒಂದು ಹಿಡಿ ಕೊತ್ತಂಬರಿ, ಸ್ವಲ್ಪ ಪುದೀನಾ, ಉಪ್ಪು ಹಾಕಿ. ಒಣಮೆಣಸಿನಕಾಯಿ ಮತ್ತು ಕರಿಬೇವಿನ ಒಗ್ಗರಣೆ ಕೊಡಿ. ಕುದಿಸಬಾರದು. ಬೇಸಿಗೆಯಲ್ಲಿ ಸ್ವಲ್ಪ ತೆಳ್ಳಗೆ ಮಾಡಿ ಬಟ್ಟಲಲ್ಲಿ ಹಾಕಿ ಕುಡಿಯಬಹುದು. ಯಾವ ವೈನ್ ಮಾಡುವ ಕೆಲಸವಿತ್ತೋ ಅದನ್ನು ಹುಣಸೆಹಣ್ಣು ಮಾಡಿ ಮುಗಿಸುತ್ತದೆ.

ಎರಡನೆಯದು ಪುಂಡಿ ಸೊಪ್ಪು ಮತ್ತು ಮಾಂಸ. ನಮ್ಮ ಮನೆಮಾತಿನಲ್ಲಿ ಅಂಬಾಡೆ ಕಾ ಗೋಷ್ತ್. ಇದರಲ್ಲಿ ಹುಳಿ ಲೋಟದಲ್ಲಿಲ್ಲ, ತಟ್ಟೆಯಲ್ಲೇ ಇದೆ. ಅರ್ಧ ಕಿಲೋ ಮಾಂಸವನ್ನು ಶುಂಠಿ ಬೆಳ್ಳುಳ್ಳಿ, ಅರಿಶಿನ, ಖಾರದ ಪುಡಿ, ಹುರಿದ ಉಳ್ಳಾಗಡ್ಡಿಯೊಡನೆ ಮೆತ್ತಗೆ ಬೇಯಿಸಿ. ನಾಲ್ಕು ಹಿಡಿ ಪುಂಡಿ ಸೊಪ್ಪನ್ನು ಬೇರೆ ಪಾತ್ರೆಯಲ್ಲಿ ನಾಲ್ಕು ಹಸಿಮೆಣಸಿನಕಾಯಿಯೊಡನೆ ಬೇಯಿಸಿ ಮಸೆದು ಮಾಂಸಕ್ಕೆ ಸೇರಿಸಿ. ಹತ್ತು ನಿಮಿಷ ಸಣ್ಣ ಉರಿಯಲ್ಲಿಟ್ಟು, ಬೆಳ್ಳುಳ್ಳಿ ಒಗ್ಗರಣೆ ಕೊಟ್ಟು ಇಳಿಸಿ. ಇದಕ್ಕೆ ಬಿಸಿ ಜೋಳದ ರೊಟ್ಟಿ ಸಾಕು. ಮಾಂಸ ತರುವ ಶಕ್ತಿ ಇಲ್ಲದ ದಿನ ಅದೇ ಸೊಪ್ಪಿಗೆ ತೊಗರಿ ಬೇಳೆಯನ್ನೂ ಸ್ವಲ್ಪ ಜೋಳದ ನುಚ್ಚನ್ನೂ ಹಾಕಿ ಬೇಯಿಸಿದರೆ ನೆರೆಮನೆಯ ಲಿಂಗಾಯತರ ಪುಂಡಿ ಪಲ್ಲೆ ಆಯಿತು. ಒಂದೇ ಸೊಪ್ಪು ಎರಡು ಮನೆಗಳಲ್ಲಿ ಎರಡು ಹೆಸರು ಪಡೆದು ಎರಡು ರೀತಿ ಬೇಯುತ್ತದೆ.

ಮೂರನೆಯದು ಭಜ್ಜಿ ಮತ್ತು ಅಂಬಲಿ. ಎಳ್ಳ ಅಮಾವಾಸ್ಯೆಯ ದಿನ ನಮ್ಮ ಕಡೆ ರೈತರು ಹೊಲಕ್ಕೆ ಬುತ್ತಿ ಹೊತ್ತು ಹೋಗುತ್ತಾರೆ. ಹಸಿ ಕಾಳು, ಸೊಪ್ಪು, ತರಕಾರಿಗಳೆಲ್ಲ ಸೇರಿದ ಭಜ್ಜಿ ಪಲ್ಲೆ, ಎಳ್ಳು ಹಚ್ಚಿದ ಸಜ್ಜೆ ರೊಟ್ಟಿ, ಮಣ್ಣಿನ ಗಡಿಗೆಯಲ್ಲಿ ತಣ್ಣನೆಯ ಅಂಬಲಿ. ಪರಿಚಯದವರನ್ನೆಲ್ಲ ಜಾತಿ ಧರ್ಮ ನೋಡದೆ ಊಟಕ್ಕೆ ಕರೆಯುತ್ತಾರೆ. ಪೂಜೆ ಅವರದು, ಊಟ ಎಲ್ಲರದು. ಭಜ್ಜಿ ಗಟ್ಟಿ, ಖಾರ. ಅಂಬಲಿ ತೆಳುವು, ಹುಳಿ, ತಂಪು. ಒಂದು ತುತ್ತು ಅದು, ಒಂದು ಗುಟುಕು ಇದು. ಇದಕ್ಕಿಂತ ಒಳ್ಳೆಯ ಜೋಡಿಯನ್ನು ನಾನು ಕಂಡಿಲ್ಲ.

ಅಂಬಲಿಗೆ ಮೂರು ದೊಡ್ಡ ಚಮಚ ಜೋಳದ ಹಿಟ್ಟನ್ನು ಒಂದು ಲೋಟ ನೀರಿನಲ್ಲಿ ಗಂಟಿಲ್ಲದಂತೆ ಕಲಸಿ ರಾತ್ರಿ ಮುಚ್ಚಿಡಿ. ಬೆಳಿಗ್ಗೆ ಮೂರು ಲೋಟ ನೀರು ಕುದಿಯಲು ಇಟ್ಟು, ಆ ಹಿಟ್ಟನ್ನು ಸುರಿದು ಕೈಬಿಡದೆ ತಿರುವಿ. ಹತ್ತು ನಿಮಿಷ ಬೆಂದು ತಣ್ಣಗಾದ ಮೇಲೆ ಒಂದು ಲೋಟ ಮಜ್ಜಿಗೆ, ಉಪ್ಪು, ಜಜ್ಜಿದ ಬೆಳ್ಳುಳ್ಳಿ, ಜೀರಿಗೆ ಪುಡಿ, ಹೆಚ್ಚಿದ ಉಳ್ಳಾಗಡ್ಡಿ ಸೇರಿಸಿ. ನಮ್ಮ ಬೇಸಿಗೆ 42 ಡಿಗ್ರಿ ದಾಟುತ್ತದೆ. ಆಗ ಮಧ್ಯಾಹ್ನ ಹೊಲದಿಂದ ಬಂದವರಿಗೆ ಇದಕ್ಕಿಂತ ಹಿತವಾದದ್ದು ಮತ್ತೊಂದಿಲ್ಲ.

ಹುಳಿ ಬೇರೆ, ಅಮಲು ಬೇರೆ

ಮದ್ರಸಾದಲ್ಲಿ ಓದುವಾಗ ಫಿಕ್ಹ್ ಕಿತಾಬುಗಳಲ್ಲಿ ಪಾನೀಯಗಳ ಅಧ್ಯಾಯವೊಂದಿತ್ತು. ಅದನ್ನು ಅರಬ್ ನಾಡಿನ ಹಳೆಯ ಮಾತು ಎಂದುಕೊಂಡು ಓದುವವರೇ ಹೆಚ್ಚು. ಅಡುಗೆಮನೆಯಲ್ಲಿ ನಿಂತು ನೋಡಿದರೆ ಅದು ನಿತ್ಯದ ಮಾತು. ಹಿಟ್ಟು ಹುಳಿಯಾಗುತ್ತದೆ, ಮೊಸರು ಹುಳಿಯಾಗುತ್ತದೆ, ಹಣ್ಣಿನ ರಸವೂ ಹುಳಿಯಾಗುತ್ತದೆ. ಇವೆಲ್ಲ ಒಂದೇ ಅಲ್ಲ. ಮೊಸರು, ದೋಸೆ ಹಿಟ್ಟು, ಅಂಬಲಿಗಳಲ್ಲಿ ಮುಖ್ಯವಾಗಿ ಬ್ಯಾಕ್ಟೀರಿಯಾಗಳು ಕೆಲಸ ಮಾಡಿ ಹುಳಿ ತರುತ್ತವೆ. ಹಣ್ಣಿನ ಸಿಹಿ ರಸದಲ್ಲಿ ಯೀಸ್ಟ್ ಎಂಬ ಸೂಕ್ಷ್ಮಜೀವಿ ಸಕ್ಕರೆಯನ್ನು ತಿಂದು ಮದ್ಯಸಾರವನ್ನು ಮಾಡುತ್ತದೆ. ಆದ್ದರಿಂದ ಗೃಹಿಣಿ ಕಣ್ಣಿಡಬೇಕಾದದ್ದು ಸಿಹಿಯಾದ ರಸಗಳ ಮೇಲೆ.

ಪ್ರವಾದಿವರ್ಯರಿಗಾಗಿ(ಸ) ಒಣದ್ರಾಕ್ಷಿಯನ್ನು ನೀರಿನಲ್ಲಿ ನೆನೆಸಿಡುತ್ತಿದ್ದರು. ಅದನ್ನು ಆ ದಿನ, ಮರುದಿನ, ಮೂರನೆಯ ದಿನದ ಸಂಜೆಯವರೆಗೆ ಸೇವಿಸುತ್ತಿದ್ದರು. ಆಮೇಲೂ ಉಳಿದರೆ ತಾವು ಕುಡಿಯುತ್ತಿರಲಿಲ್ಲ, ಇತರರಿಗೆ ಕೊಡಿಸುತ್ತಿದ್ದರು ಅಥವಾ ಚೆಲ್ಲಿಸುತ್ತಿದ್ದರು ಎಂದು ಹ. ಇಬ್ನು ಅಬ್ಬಾಸ್(ರ) ಅವರ ವರದಿಯಿದೆ. ಖರ್ಜೂರ ಮತ್ತು ಒಣದ್ರಾಕ್ಷಿಯನ್ನು ಒಂದೇ ಪಾತ್ರೆಯಲ್ಲಿ ಸೇರಿಸಿ ನೆನೆಸುವುದನ್ನು ತಡೆದ ವರದಿಯೂ ಇದೆ. ಎರಡು ಸಿಹಿಗಳು ಕೂಡಿದರೆ ಬೇಗ ಅಮಲಿಗೆ ತಿರುಗುತ್ತವೆ ಎಂಬುದು ವಿದ್ವಾಂಸರು ಹೇಳಿದ ಕಾರಣ. ಎಂಥ ಸೂಕ್ಷ್ಮ ನೋಡಿ! ಯಾವುದಕ್ಕೆ ಯಾವುದು ಜೋಡಿಯಾಗಬೇಕು ಎನ್ನುವುದರಷ್ಟೇ ಮುಖ್ಯ, ಯಾವುದಕ್ಕೆ ಯಾವುದು ಜೋಡಿಯಾಗಬಾರದು ಎನ್ನುವುದು.

ಒಳ್ಳೆಯ ಜೋಡಿಗಳ ಮಾದರಿಯೂ ಅಲ್ಲೇ ಇದೆ. ಪ್ರವಾದಿವರ್ಯರು(ಸ) ತಾಜಾ ಖರ್ಜೂರವನ್ನು ಸೌತೆಕಾಯಿಯ ಜೊತೆ ತಿನ್ನುತ್ತಿದ್ದುದನ್ನು ಕಂಡವರು ವರದಿ ಮಾಡಿದ್ದಾರೆ. ಕಲ್ಲಂಗಡಿಯ ಜೊತೆ ಖರ್ಜೂರ ತಿಂದು, ಇದರ ತಂಪಿನಿಂದ ಅದರ ಉಷ್ಣ ಸರಿಹೋಗುತ್ತದೆ ಎಂಬ ಅರ್ಥದ ಮಾತು ಹೇಳಿದ್ದೂ ಇದೆ. ಊಟವನ್ನು ಸರಿದೂಗಿಸಿ ತಿನ್ನುವುದು ನಮಗೆ ಹೊಸದಲ್ಲ.

ಮನೆಯಲ್ಲಿ ಮಾಡುವವರು ವಿಜಯಪುರದ ಒಣದ್ರಾಕ್ಷಿ ಒಂದು ಹಿಡಿ ತೊಳೆದು ಒಂದು ಲೋಟ ನೀರಿನಲ್ಲಿ ಇಶಾ ನಮಾಝ್ ಆದ ಮೇಲೆ ನೆನೆಸಿ, ಫಜ್ರ್ ಆದ ಮೇಲೆ ಕಿವುಚಿ ಕುಡಿಯಿರಿ. ನಮ್ಮ ಬಿಸಿಲಿನಲ್ಲಿ ಮೂರು ದಿನದ ಮಾತು ಬೇಡ. ಬೇಸಿಗೆಯಲ್ಲಿ ಫ್ರಿಜ್‌ನಲ್ಲಿಡಿ, ಅದೇ ದಿನ ಮುಗಿಸಿ. ನೊರೆ ಬಂದರೆ, ಗುಳ್ಳೆ ಎದ್ದರೆ, ಮೂಗಿಗೆ ಘಾಟು ಬಡಿದರೆ ಮನಸ್ಸು ಕಲ್ಲು ಮಾಡಿ ಚೆಲ್ಲಿಬಿಡಿ. ಮದ್ಯ ನಿಷೇಧದ ಆದೇಶ ಬಂದ ದಿನ ಮದೀನಾದ ಬೀದಿಗಳಲ್ಲಿ ಅದನ್ನು ಚೆಲ್ಲಿದವರ ಮುಂದೆ ನಮ್ಮ ಒಂದು ಲೋಟ ಯಾವ ಲೆಕ್ಕ?

ಚೆಲ್ಲುವ ಮಾತು ಬಂದಾಗ ಇನ್ನೊಂದನ್ನೂ ಹೇಳಬೇಕು. ವಿಡಿಯೊಗಳಲ್ಲಿ ವೈನ್ ಎಂದರೆ ತೆಳು ಗಾಜಿನ ಲೋಟ, ಮಂದ ಬೆಳಕು, ನಗುವ ದಂಪತಿ. ನಮ್ಮ ಓಣಿಗಳಲ್ಲಿ ಮದ್ಯಕ್ಕೆ ಆ ಮುಖವಿಲ್ಲ. ಇಲ್ಲಿ ಹಿಂದೆ ಸೇಂದಿ ಇತ್ತು, ಸಾರಾಯಿ ಇತ್ತು. 2007ರ ಜುಲೈ 1ರಿಂದ ಕರ್ನಾಟಕದಲ್ಲಿ ಸಾರಾಯಿ ನಿಂತಿತು, ಅಂಗಡಿಯ ಬಾಟಲಿ ನಿಲ್ಲಲಿಲ್ಲ. ವಾರದ ಕೂಲಿ ಮನೆಗೆ ಬರುವ ಮೊದಲೇ ಅರ್ಧ ಕರಗಿದ್ದನ್ನು ಕಂಡ ಹೆಂಗಸರು ಎಲ್ಲ ಧರ್ಮಗಳಲ್ಲೂ ಇದ್ದಾರೆ. ಅವರ ಮನೆಯ ಊಟಕ್ಕೆ ಯಾವ ಪಾನೀಯ ಜೋಡಿ ಎಂದು ಕೇಳಿದರೆ ಏನು ಹೇಳುತ್ತಾರೆ? ಊಟ ಇದ್ದರೆ ತಾನೇ ಜೋಡಿ!

ಬಣ್ಣದ ಬಾಟಲಿಗಳು

ಮದ್ಯ ಬಿಟ್ಟೆವು ಎಂದ ಮಾತ್ರಕ್ಕೆ ನಮ್ಮ ಲೋಟ ಶುದ್ಧವಾಯಿತೇ? ಈಚಿನ ನಮ್ಮ ಮದುವೆಗಳನ್ನು ನೋಡಿ. ಬಿರಿಯಾನಿಯ ಪಕ್ಕದಲ್ಲಿ ತಂಪು ಪಾನೀಯದ ಬಾಟಲಿಗಳ ಸಾಲು. ಮಜ್ಜಿಗೆ ಇಟ್ಟರೆ ಬಡತನ, ಬಾಟಲಿ ಇಟ್ಟರೆ ಮರ್ಯಾದೆ ಎನ್ನುವಂತಾಗಿದೆ. 300 ಮಿಲಿಲೀಟರಿನ ಒಂದು ಕೋಲಾದಲ್ಲಿ 30 ಗ್ರಾಂಗೂ ಹೆಚ್ಚು ಸಕ್ಕರೆ ಇರುತ್ತದೆ, ಅಂದರೆ ಏಳೆಂಟು ಚಮಚ. ವಿಶ್ವ ಆರೋಗ್ಯ ಸಂಸ್ಥೆ 2015ರಲ್ಲಿ ಕೊಟ್ಟ ಸಲಹೆಯ ಲೆಕ್ಕದಲ್ಲಿ, ಹೀಗೆ ಮೇಲಿಂದ ಸೇರಿಸಿದ ಸಕ್ಕರೆ ದೊಡ್ಡವರಿಗೆ ದಿನಕ್ಕೆ ಸುಮಾರು 25 ಗ್ರಾಂ ಒಳಗಿದ್ದರೆ ಒಳ್ಳೆಯದು, 50 ಗ್ರಾಂ ದಾಟಲೇಬಾರದು. ಒಂದು ಬಾಟಲಿಯಲ್ಲಿ ಒಂದು ದಿನದ ಲೆಕ್ಕ ಮುಗಿಯಿತು. ಆಮೇಲೆ ಖುರ್ಬಾನಿ ಕಾ ಮೀಠಾ ಬೇರೆ ಇದೆ, ಡಬಲ್ ಕಾ ಮೀಠಾ ಬೇರೆ ಇದೆ.

ಸಕ್ಕರೆ ಕಾಯಿಲೆ ಇಲ್ಲದ ಮನೆ ಈಗ ನಮ್ಮ ಜಮಾಅತ್‌ನಲ್ಲಿ ಎಷ್ಟಿವೆ? ಎಣಿಸಿ ನೋಡಿ. ಬಿರಿಯಾನಿಗೆ ಜೋಡಿ ಬೇಕಾದರೆ ಪುದೀನಾ ಹಾಕಿದ ಮಜ್ಜಿಗೆ ಇಡಿ, ಲಿಂಬೆ ಮತ್ತು ಸಬ್ಜಾ ಬೀಜದ ತೆಳು ಶರಬತ್ ಇಡಿ. ದೊಡ್ಡ ಹಂಡೆಯ ಮಜ್ಜಿಗೆಯ ಖರ್ಚನ್ನೂ ಬಾಟಲಿಗಳ ಖರ್ಚನ್ನೂ ಒಂದು ಕಾಗದದ ಮೇಲೆ ಬರೆದು ನೋಡಿ. ಹುಡುಗಿಯ ತಂದೆ ಸಾಲ ಮಾಡಿ ಮದುವೆ ಮಾಡುತ್ತಿರುವಾಗ ಆ ವ್ಯತ್ಯಾಸ ಸಣ್ಣದಲ್ಲ.

ಚಹಾ ಮತ್ತು ರೊಟ್ಟಿ

ಇನ್ನು ನಾನು ಮುಖ್ಯವಾಗಿ ಹೇಳಬೇಕೆಂದಿರುವ ಜೋಡಿಗೆ ಬರುತ್ತೇನೆ. ಅದು ನಮ್ಮ ಕಡೆಯ ಸಾವಿರಾರು ಮನೆಗಳಲ್ಲಿ ದಿನಾ ಮುಂಜಾನೆ ಕಾಣುವ ಜೋಡಿ. ಚಹಾ ಮತ್ತು ರಾತ್ರಿಯ ರೊಟ್ಟಿ.

ನನ್ನ ತರಗತಿಯಲ್ಲಿ ಒಬ್ಬ ಹುಡುಗಿ ಇದ್ದಳು. ಓದಿನಲ್ಲಿ ಮುಂದು, ಅಕ್ಷರ ಮುತ್ತಿನಂತೆ. ಒಂದು ವರ್ಷದಲ್ಲಿ ಅವಳು ಮಂಕಾದಳು. ಬೆಂಚಿನ ಮೇಲೆ ತಲೆಯಿಟ್ಟು ಮಲಗುತ್ತಿದ್ದಳು, ಮೆಟ್ಟಿಲು ಹತ್ತಿದರೆ ಏದುಸಿರು. ಒಂದು ದಿನ ಪ್ರಾರ್ಥನೆಯ ಸಾಲಿನಲ್ಲೇ ಕುಸಿದಳು. ಕೆಳ ರೆಪ್ಪೆ ಬಿಡಿಸಿ ನೋಡಿದರೆ ಒಳಗೆ ಕಾಗದದಂತೆ ಬಿಳುಪು.

'ಮುಂಜಾನಿ ಏನ್ ತಿಂದು ಬಂದಿ?' ಎಂದೆ.

'ಚಾ ರೊಟ್ಟಿ ತಿಂದೀನ್ರಿ ಆಪಾ.'

'ಮಧ್ಯಾಹ್ನ ಮನಿಗಿ ಹೋದ ಮ್ಯಾಲ?'

'ಅನ್ನ ಸಾರ್ರೀ. ಆಮ್ಯಾಲ ಮತ್ತ ಚಾ.'

ರಕ್ತ ಪರೀಕ್ಷೆ ಮಾಡಿಸಿದಾಗ ಹಿಮೋಗ್ಲೋಬಿನ್ 7.8 ಇತ್ತು. ಆ ವಯಸ್ಸಿನ ಹುಡುಗಿಗೆ 12 ಆದರೂ ಇರಬೇಕು. ವೈದ್ಯರು ಕಬ್ಬಿಣಾಂಶದ ಮಾತ್ರೆ ಬರೆದುಕೊಟ್ಟರು. ತಿಂಗಳಾದರೂ ಹುಡುಗಿ ಚೇತರಿಸಲಿಲ್ಲ. ನಾನು ಮನೆಗೆ ಹೋದೆ. ತಾಯಿ ಮಾತ್ರೆಯ ಪಟ್ಟಿ ತೋರಿಸಿದರು, ಒಂದೂ ತಪ್ಪಿಸಿರಲಿಲ್ಲ. ಏನರ ಜೊತೆ ಕೊಡುತ್ತೀರಿ ಎಂದು ಕೇಳಿದೆ. 'ಚಾದಾಗ ಕೊಡ್ತೀನ್ರಿ ಆಪಾ, ಬರೇ ನೀರಾಗ ನುಂಗಿದ್ರ ಆಕಿಗಿ ಹೊಟ್ಟಿ ತೊಳಸ್ತದ' ಎಂದರು.

ಸಹೋದರಿಯರೇ, ಆ ತಾಯಿಯನ್ನು ನಾವು ದೂರುವಂತಿಲ್ಲ. ಐದು ಗಂಟೆಗೆ ಎದ್ದು, ಎಂಟಕ್ಕೆಲ್ಲ ತೊಗರಿ ಹೊಲದಲ್ಲಿ ಕಳೆ ತೆಗೆಯಲು ಬಗ್ಗುವ ಹೆಂಗಸು ಅವರು. ಚಹಾದ ಬಗ್ಗೆ ಅವರಿಗೆ ಯಾರೂ ಹೇಳಿರಲಿಲ್ಲ. ಆದರೆ ನಾವು ತಿಳಿದವರು ಹೇಳಬೇಕು. ಕೆಂಪು ವೈನಿನಲ್ಲಿ ಒಗರಾಗಿ ಇರುವ ಟ್ಯಾನಿನ್ ಚಹಾದಲ್ಲೂ ಇದೆ ಎಂದು ಮೇಲೆ ಬರೆದೆನಲ್ಲ. ಅಂಥ ಒಗರಿನ ಅಂಶಗಳು ಹೊಟ್ಟೆಯಲ್ಲಿ ರೊಟ್ಟಿ, ಬೇಳೆ, ಸೊಪ್ಪಿನ ಕಬ್ಬಿಣಾಂಶವನ್ನು ಹಿಡಿದುಕೊಂಡು ರಕ್ತಕ್ಕೆ ಸೇರದಂತೆ ಮಾಡುತ್ತವೆ. ಊಟದ ಜೊತೆ ಚಹಾ ಕುಡಿದರೆ ಹೀರಿಕೆ ಅರ್ಧಕ್ಕಿಂತ ಹೆಚ್ಚು ಕಡಿಮೆಯಾಗುವುದು ಪರೀಕ್ಷೆಗಳಲ್ಲಿ ಕಂಡಿದೆ. ಹಾಲಿನಲ್ಲಿರುವ ಕ್ಯಾಲ್ಸಿಯಮ್ ಕೂಡ ಸ್ವಲ್ಪ ಅಡ್ಡ ಬರುತ್ತದೆ. ಅಂದರೆ ಬಡವರ ತಟ್ಟೆಯಲ್ಲಿ ಇದ್ದ ಅಷ್ಟಿಷ್ಟು ಕಬ್ಬಿಣಾಂಶವನ್ನೂ ಪಕ್ಕದ ಕಪ್ಪು ಕಸಿದುಕೊಳ್ಳುತ್ತದೆ.

ಇದಕ್ಕೆ ಎದುರಾಗಿ ಲಿಂಬೆಯನ್ನು ನೋಡಿ. ಅದರಲ್ಲಿರುವ ಸಿ ಜೀವಸತ್ವ ಅದೇ ಕಬ್ಬಿಣಾಂಶ ರಕ್ತಕ್ಕೆ ಸೇರಲು ಸಹಾಯ ಮಾಡುತ್ತದೆ. ಹಿಟ್ಟನ್ನು ನೆನೆಸಿ ಹುಳಿ ಬರಿಸಿದಾಗಲೂ ಧಾನ್ಯದಲ್ಲಿ ಕಬ್ಬಿಣವನ್ನು ಕಟ್ಟಿಹಾಕುವ ಅಂಶ ಕಡಿಮೆಯಾಗುತ್ತದೆ. ನಮ್ಮ ಅಜ್ಜಿಯರ ಹುಳಿ ಅಂಬಲಿಯಲ್ಲಿ ಈ ಲಾಭವೂ ಇತ್ತು.

ಆ ಮನೆಯಲ್ಲಿ ನಾವು ಮಾಡಿದ್ದು ಇಷ್ಟೇ. ರೊಟ್ಟಿ ಬದಲಿಸಲಿಲ್ಲ. ಹಣ್ಣು ತನ್ನಿ, ಮಾಂಸ ತನ್ನಿ ಎಂದು ಹೇಳಲಿಲ್ಲ, ಹೇಳಿದರೆ ಎಲ್ಲಿಂದ ತಂದಾರು? ಮುಂಜಾನೆಯ ರೊಟ್ಟಿಗೆ ರಾತ್ರಿಯ ಬೇಳೆಯನ್ನೋ ಸೊಪ್ಪನ್ನೋ ಬಿಸಿ ಮಾಡಿ ಹಚ್ಚುವುದು, ಮೇಲೆ ಅರ್ಧ ಲಿಂಬೆ ಹಿಂಡುವುದು. ಚಹಾ ಬೇಕೇಬೇಕು ಎಂದರೆ ಊಟಕ್ಕೂ ಚಹಾಕ್ಕೂ ಒಂದು ಗಂಟೆಗಿಂತ ಹೆಚ್ಚು ಅಂತರ. ಮಾತ್ರೆ ರಾತ್ರಿ ಊಟವಾದ ಮೇಲೆ ಲಿಂಬೆ ನೀರಿನಲ್ಲಿ, ಆಗ ಹೊಟ್ಟೆ ತೊಳಸುವುದೂ ಕಡಿಮೆ. ವೈದ್ಯರನ್ನೂ ಕೇಳಿ ಒಪ್ಪಿಗೆ ಪಡೆದೆವು. ಮೂರು ತಿಂಗಳಾದ ಮೇಲೆ ಹಿಮೋಗ್ಲೋಬಿನ್ 10.9ಕ್ಕೆ ಬಂತು. ಬೆಂಚಿನ ಮೇಲೆ ತಲೆಯಿಡುವುದು ನಿಂತಿತು. ಆ ಹುಡುಗಿ ಪರೀಕ್ಷೆ ಬರೆದು ಮುಂದಿನ ತರಗತಿಗೆ ಹೋದಳು. ಅಲ್‌ಹಮ್ದುಲಿಲ್ಲಾಹ್.

ಇದು ಒಬ್ಬಳ ಕಥೆಯಲ್ಲ. 2019-21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ ನಮ್ಮ ದೇಶದಲ್ಲಿ 15ರಿಂದ 49 ವರ್ಷದ ಹೆಂಗಸರಲ್ಲಿ ಶೇಕಡಾ 57ರಷ್ಟು ಮಂದಿಗೆ ರಕ್ತಹೀನತೆ ಇದೆ. ನೂರರಲ್ಲಿ ಐವತ್ತೇಳು! ಎಲ್ಲದಕ್ಕೂ ಚಹಾ ಒಂದೇ ಕಾರಣ ಎನ್ನಲಾರೆ. ಹೊಟ್ಟೆಹುಳ ಇದೆ, ಮುಟ್ಟಿನ ಅತಿಸ್ರಾವ ಇದೆ, ಬೇಗ ಮದುವೆ, ಮೇಲಿಂದ ಮೇಲೆ ಹೆರಿಗೆ ಇದೆ, ಗಂಡಸರೆಲ್ಲ ಉಂಡ ಮೇಲೆ ಉಳಿದದ್ದನ್ನು ಉಣ್ಣುವ ರೂಢಿಯೂ ಇದೆ. ಆದರೆ ಇವುಗಳಲ್ಲಿ ಒಂದು ಪೈಸೆ ಖರ್ಚಿಲ್ಲದೆ ನಾಳೆಯಿಂದಲೇ ಸರಿಪಡಿಸಬಹುದಾದದ್ದು ಚಹಾದ ಹೊತ್ತು. ಶಾಲೆಯಲ್ಲಿ ವಾರಕ್ಕೊಮ್ಮೆ ಕೊಡುವ ನೀಲಿ ಬಣ್ಣದ ಕಬ್ಬಿಣಾಂಶದ ಮಾತ್ರೆಯನ್ನು ಮಗಳು ಎಸೆಯುತ್ತಿದ್ದಾಳೆಯೇ, ನುಂಗುತ್ತಿದ್ದಾಳೆಯೇ ಎಂದೂ ವಿಚಾರಿಸಿ. ನುಂಗಿದ ದಿನ ಮಲ ಕಪ್ಪಾದರೆ ಹೆದರಬೇಡಿ, ಅದು ಸಹಜ.

ಮನೆಗೆ ಬಂದ ಅತಿಥಿಗೆ ಊಟವಾದ ಕೂಡಲೇ ಚಹಾ ಕೊಡದಿದ್ದರೆ ಏನೆಂದುಕೊಂಡಾರು ಎಂದು ನೀವು ಕೇಳಬಹುದು. ಅತಿಥಿಗೆ ಕೊಡಿ, ಬೇಡವೆನ್ನುವುದಿಲ್ಲ. ಗರ್ಭಿಣಿ ಸೊಸೆಗೆ, ಬೆಳೆಯುವ ಮಗಳಿಗೆ ಅದೇ ಹೊತ್ತಿನಲ್ಲಿ ಕೊಡಬೇಡಿ. ಅತ್ತೆಯಾದವರು 'ನೀನು ಆಮೇಲೆ ಕುಡಿ ಮಗಳೇ' ಎಂದು ಹೇಳಿ ಅವಳ ಮುಂದೆ ಲಿಂಬೆ ನೀರು ಇಟ್ಟರೆ ಆ ಮಾತಿನಲ್ಲಿ ಎಷ್ಟು ಅಕ್ಕರೆ ಇರುತ್ತದೆ!

ಯಾವ ಖಾದ್ಯಕ್ಕೆ ಯಾವ ವೈನ್ ಎಂದು ಲೆಕ್ಕ ಹಾಕುವವರು ಹಾಕಿಕೊಳ್ಳಲಿ. ನಮಗೆ ಬೇರೆ ಲೆಕ್ಕ ಇದೆ. ಖಿಚಡಿಗೆ ಖಟ್ಟಾ, ಭಜ್ಜಿಗೆ ಅಂಬಲಿ, ಬಿರಿಯಾನಿಗೆ ಮಜ್ಜಿಗೆ, ಬೇಳೆ ರೊಟ್ಟಿಗೆ ಲಿಂಬೆ. ಇದನ್ನು ಅಡುಗೆಮನೆಯ ಗೋಡೆಗೆ ಬರೆದು ಅಂಟಿಸಬೇಕಾಗಿಲ್ಲ, ಒಂದು ವಾರ ಮಾಡಿದರೆ ಕೈಗೆ ರೂಢಿಯಾಗುತ್ತದೆ. ಇಂದು ರಾತ್ರಿ ದಸ್ತರ್‌ಖ್ವಾನ್ ಹಾಸುವಾಗ ತಟ್ಟೆಯಲ್ಲಿ ಏನಿದೆ ಎಂದು ನೋಡುವಂತೆ ಮಗಳ ಲೋಟದಲ್ಲಿ ಏನಿದೆ ಎಂದೂ ಒಮ್ಮೆ ನೋಡಿ. ಅಲ್ಲಾಹನು ನಮ್ಮ ಮಕ್ಕಳ ಆಹಾರದಲ್ಲಿಯೂ ಆರೋಗ್ಯದಲ್ಲಿಯೂ ಬರಕತ್ ನೀಡಲಿ. ಆಮೀನ್.